ಒಡ್ಡಿನ ಕೆಳಗಿನ ನೀರು

ನೀರು ಒಂದಿಷ್ಟು ಬಿಸಿ ಹೆಚ್ಚಾಯಿತೇನೋ, ಬಕೆಟ್ಟಿಗೆ ಮೊಣಕೈ ಅದ್ದಿದಳು, ಇಲ್ಲ, ಹದವಾಗಿದೆ, ಎಳೆಗೂಸನ್ನು ಮೀಯಿಸುವವರು ಹೀಗೆ ಮೊಣಕೈ ಅದ್ದಿ ನೋಡುತ್ತಾರೆ, ಇಲ್ಲಿ ಎಳೆಗೂಸು ಯಾರು, ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಬೆನ್ನು ಹಾಕಿ ಕೂತಿರುವ ಚಿಕ್ಕಮ್ಮನಿಗೆ ಎಪ್ಪತ್ತು ದಾಟಿದೆ, ಮೀಯಿಸಲು ನಿಂತಿರುವ ಇವಳಿಗೇ ಐವತ್ತು — ಚಿಕ್ಕಮ್ಮನ ಬಲಗೈಗೆ ಮೊಣಕೈವರೆಗೂ ಪ್ಲಾಸ್ಟರು, ಅದರ ಮೇಲೆ ಬಟ್ಟೆ ಅಂಗಡಿಯ ಚೀಲ, ಚೀಲದ ಬಾಯಿಗೆ ರಬ್ಬರ್ ಬ್ಯಾಂಡು, ನೀರು ತಾಗದಿರಲೆಂದು ಆ ಕೈಯನ್ನು ಮೇಲೆತ್ತಿ ಹಿಡಿದಿದ್ದಾರೆ, ಉತ್ತರ ಗೊತ್ತಿದ್ದೂ ಮೇಷ್ಟ್ರ ಕಣ್ಣಿಗೆ ಬೀಳದ ಹುಡುಗಿಯ ಹಾಗೆ. ಕೈ ನೋಯ್ತಿದೆಯಾ ಚಿಕ್ಕಮ್ಮ ಅಂತ ಕೇಳಿದಳು, ಕೈ ಅಲ್ಲ ಕಣೇ, ಈ ಸ್ಟೂಲು ನೋಯ್ತಿದೆ, ನಿನ್ನ ಗಂಡ ಮಗ್ಗಿಗೆ ಕಾಲು ಹಚ್ಚಿಸಿ ಸ್ಟೂಲು ಅಂತ ತಂದಿದಾನೆ ಅಂದರು ಚಿಕ್ಕಮ್ಮ, ಇವಳಿಗೆ ನಗು ಬಂತು, ಬಚ್ಚಲಲ್ಲಿ ಇಬ್ಬರೂ ನಕ್ಕಿದ್ದು ಯಾವಾಗ, ಎಂದೂ ಇಲ್ಲ, ಒಂದೇ ಬಚ್ಚಲಲ್ಲಿ ಇಬ್ಬರೂ ಇದ್ದದ್ದೇ ಇಲ್ಲ, ತಮ್ಮ ಮತ್ತು ಅವನ ಹೆಂಡತಿ ಕೆಲಸದ ಮೇಲೆ ಬೇರೆ ಊರಿಗೆ ಹೋಗದಿದ್ದರೆ ಈಗಲೂ ಇರುತ್ತಿರಲಿಲ್ಲ. ಅಮ್ಮನ್ನ ಒಂದು ವಾರ ಇಟ್ಕೊಳ್ತೀಯಾ ಅಕ್ಕ ಅಂತ ಫೋನಿನಲ್ಲಿ ಕೇಳುವಾಗ ತಮ್ಮನ ದನಿ ಪಕ್ಕದ ಮನೆಯವರ ಬಳಿ ಏಣಿ ಕೇಳುವವನ ಹಾಗಿತ್ತು, ಪಾಪ, ಅವನದೇನು ತಪ್ಪು, ಅವನಿಗೆ ಅಮ್ಮ, ಇವಳಿಗೆ ಚಿಕ್ಕಮ್ಮ, ಅವನು ಹುಟ್ಟಿದಾಗಿನಿಂದ ನೀನು ಅನ್ನುತ್ತಾನೆ, ಇವಳು ಮೊದಲ ದಿನದಿಂದ ನೀವು ಅನ್ನುತ್ತಾಳೆ, ನೋಡಿದವರು ಎಂಥ ಮರ್ಯಾದೆಯ ಹುಡುಗಿ ಅಂದುಕೊಳ್ಳುತ್ತಿದ್ದರು, ಮರ್ಯಾದೆಯಲ್ಲ ಅದು, ಬಾಗಿಲಿಗೆ ಒಳಗಿನಿಂದ ಹಾಕಿದ ಚಿಲಕ.

ಮೊದಲ ಮಗ್ಗು ನೀರನ್ನು ಕತ್ತಿನ ಹಿಂದೆ ಸುರಿದಳು, ತಲೆಯ ಮೇಲೆ ಸುರಿಯಲು ಕೈ ಬರಲಿಲ್ಲ, ತಲೆಯ ಮೇಲೆ ನೀರು ಅಂದರೆ ಇವಳಿಗೆ ಉಸಿರು ಕಟ್ಟುತ್ತದೆ, ಇನ್ನೊಬ್ಬರ ತಲೆಯಾದರೂ ಕಟ್ಟುತ್ತದೆ, ಷವರಿನ ಕೆಳಗೆ ಒಂದು ದಿನ ನಿಂತವಳಲ್ಲ, ನಿನ್ನದು ಬೆಕ್ಕಿನ ಜಾತಿ ಅಂತ ಗಂಡ ರೇಗಿಸುತ್ತಾನೆ, ಅವನಿಗೇನು ಗೊತ್ತು, ಇವಳಿಗೆ ನೀರೆಂದರೆ ನೀರಲ್ಲ, ಕೈ, ನೆತ್ತಿಯ ಮೇಲೆ ಒತ್ತಿದ ಅಂಗೈ, ಕೂದಲೊಳಗೆ ಇಳಿದ ಐದು ಬೆರಳು — ಆಗ ಏಳು ವರ್ಷ, ಅಪ್ಪನ ಎರಡನೇ ಹೆಂಡತಿಯಾಗಿ ಚಿಕ್ಕಮ್ಮ ಮನೆಗೆ ಬಂದು ವರ್ಷವೂ ತುಂಬಿರಲಿಲ್ಲ, ಊರಾಚೆ ನದಿಗೆ ಅಡ್ಡಲಾಗಿ ಆಳೆತ್ತರದ ಒಡ್ಡು, ಅದರ ತಲೆಯ ಮೇಲೆ ಪಾದ ಮುಳುಗುವಷ್ಟು ನೀರು ಹರಿದು ಆ ಬದಿಗೆ ಗಾಜಿನ ಹಾಳೆಯ ಹಾಗೆ ಬೀಳುತ್ತದೆ, ದೊಡ್ಡವರು ಚಪ್ಪಲಿ ಕೈಯಲ್ಲಿ ಹಿಡಿದು ಅದರ ಮೇಲೇ ದಾಟುತ್ತಾರೆ, ಇವಳೂ ಹೊರಟಳು, ಬೇಡ, ವಾಪಸ್ ಬಾ ಅಂತ ಹಿಂದಿನಿಂದ ಚಿಕ್ಕಮ್ಮ ಕೂಗಿದ್ದು ಚೆನ್ನಾಗಿ ಕೇಳಿಸಿತ್ತು, ಇವರು ಕೂಗಿದರೆ ನಾನ್ಯಾಕೆ ಬರಬೇಕು ಅಂತ ಇನ್ನೆರಡು ಹೆಜ್ಜೆ ಬೇಕೆಂದೇ ಇಟ್ಟಳು, ಪಾಚಿ, ಹಿಮ್ಮಡಿ ಜಾರಿತು, ಆಕಾಶ ಒಂದು ಸುತ್ತು ಹಾಕಿತು, ಆಮೇಲೆ ಬರೀ ನೊರೆ, ಬಾಯಲ್ಲಿ ನೊರೆ, ಕಿವಿಯಲ್ಲಿ ಗಿರಣಿ ಓಡಿದ ಸದ್ದು, ಮೇಲೆ ಬರುತ್ತಾಳೆ, ನೀರು ಮತ್ತೆ ಒಡ್ಡಿನ ಕಡೆಗೇ ಎಳೆದೊಯ್ದು ಬೀಳುವ ನೀರಿನ ಕೆಳಗೆ ತುರುಕುತ್ತದೆ, ಮತ್ತೆ ಮೇಲೆ, ಮತ್ತೆ ಕೆಳಗೆ, ಅಷ್ಟರಲ್ಲಿ ಒಂದು ಸೀರೆಯ ಬಣ್ಣ, ಚಿಕ್ಕಮ್ಮ ಹಾರಿದ್ದಾರೆ, ಅವರ ಕುತ್ತಿಗೆಯನ್ನು ಎರಡೂ ಕೈಯಿಂದ ತಬ್ಬಿಕೊಂಡಳು, ಹಿಂದೆ ಎಂದೂ ತಬ್ಬಿರಲಿಲ್ಲ, ಬದುಕಿದೆ ಅಂದುಕೊಂಡಳು, ಆಗ ಚಿಕ್ಕಮ್ಮ ಇವಳ ಕೈಗಳನ್ನು ಒಂದೊಂದಾಗಿ ಬಿಡಿಸಿ, ನೆತ್ತಿಯ ಮೇಲೆ ಅಂಗೈ ಇಟ್ಟು, ಕೆಳಕ್ಕೆ ತಳ್ಳಿದರು.

ತಣ್ಣಗಾಗ್ತಿದೆ ಕಣೇ ಅಂದರು ಚಿಕ್ಕಮ್ಮ, ಹ್ಞಾಂ ಬಂದೆ, ಶಾಂಪೂ ಬಾಟಲಿ ಎಲ್ಲಿ, ಇಲ್ಲೇ ಇದೆ, ಮುಚ್ಚಳ ತಿರುಗಿಸಿದಳು, ಅವತ್ತು ಒಡ್ಡಿನಿಂದ ಬಹಳ ಕೆಳಗೆ, ಮೊಣಕಾಲುದ್ದದ ನೀರಿನಲ್ಲಿ ಉರುಟು ಕಲ್ಲುಗಳ ನಡುವೆ ಎದ್ದು ಕೂತು ಕೆಮ್ಮುತ್ತಿದ್ದವಳನ್ನು ಯಾರೋ ಎತ್ತಿಕೊಂಡು ಹೋದರು, ಚಿಕ್ಕಮ್ಮ ಸಿಕ್ಕಿದ್ದು ಇನ್ನೂ ಎಷ್ಟೋ ಹೊತ್ತಿನ ಮೇಲೆ, ಮಾತಿಲ್ಲದೆ, ತುಟಿ ನೀಲಿಯಾಗಿ — ಮನೆಯಲ್ಲಿ ಅಜ್ಜಿ ಒಗೆದ ಟವೆಲಿನಿಂದ ಇವಳ ತಲೆ ಒರೆಸುತ್ತಾ ಏನಾಯಿತು ಹೇಳು ಅಂದಳು, ಇದ್ದದ್ದನ್ನೇ ಹೇಳಿದಳು, ಮಕ್ಕಳು ಹೇಳುವ ಹಾಗೆ, ಚಿಕ್ಕಮ್ಮ ನನ್ನನ್ನ ಮುಳುಗಿಸಿದ್ರು ಅಂತ, ದಡದಲ್ಲಿದ್ದ ಒಂದಿಬ್ಬರೂ ಹೌದು ನಾವೂ ನೋಡಿದೆವು ಅಂದರಂತೆ, ಅಜ್ಜಿ ಒರೆಸುವುದನ್ನು ನಿಲ್ಲಿಸಿ ಒಂದೇ ಮಾತು ಅಂದಳು, ತನ್ನ ಹೊಟ್ಟೇದಾಗಿದ್ರೆ ಮೇಲೆ ಎತ್ತಿರ್ತಿದ್ಲು, ಅಷ್ಟೇ, ಇನ್ನೊಂದು ಸಲ ಅಜ್ಜಿ ಅದನ್ನು ಆಡಲಿಲ್ಲ, ಆಡುವ ಅಗತ್ಯವಿರಲಿಲ್ಲ, ಆ ಮಾತು ಇವಳ ಜೊತೆ ಮಲಗಿ ಇವಳ ಜೊತೆ ಎದ್ದು ಇವಳ ಜೊತೆ ಶಾಲೆಗೂ ಬಂತು. ಅಪ್ಪನ ಮುಂದೆ ಹೇಳಿದಾಗ ಅಪ್ಪ ಇವಳನ್ನು ತೊಡೆಯ ಮೇಲೆ ಕೂರಿಸಿಕೊಂಡು, ಅವಳು ನಿನಗೋಸ್ಕರ ಹಾರಿದಳು ಮಗಳೇ, ಅಷ್ಟು ನೆನಪಿಟ್ಕೋ, ಉಳಿದದ್ದು ಆಮೇಲೆ ಅಂದಿದ್ದರು, ಆಮೇಲೆ ಅನ್ನುವುದು ಬರುವ ಮೊದಲೇ ಅಪ್ಪ ತೀರಿಕೊಂಡರು. ಆದರೆ ಮನೆಯಲ್ಲಿ ಕೊರತೆ ಅಂತ ಯಾವುದಿತ್ತು, ಜ್ವರ ಬಂದರೆ ಪಕ್ಕದಲ್ಲೇ ಕುರ್ಚಿ ಎಳೆದುಕೊಂಡು ಕೂತವರು ಯಾರು, ಕನ್ನಡಕ ಬೇಕು ಈ ಹುಡುಗಿಗೆ, ಬೋರ್ಡು ಕಾಣ್ತಿಲ್ಲ ಅಂತ ಮೊದಲು ಕಂಡುಹಿಡಿದವರು ಯಾರು, ಇವತ್ತು ಈ ಕಣ್ಣಿನಿಂದಲೇ ಅಲ್ಲವೇ ಅನ್ನ, ಪ್ರಕಾಶನದ ಆಫೀಸಿನಲ್ಲಿ ಎಲ್ಲರೂ ಇವಳನ್ನು ಕಾಮಾಕ್ಷಿ ಅನ್ನುತ್ತಾರೆ, ಹೆಸರು ಅದಲ್ಲ, ಕರಡು ತಿದ್ದುವವಳ ಅಕ್ಷಿಯಿಂದ ಒಂದು ಕಾಮಾ ಕೂಡ ತಪ್ಪಿಸಿಕೊಳ್ಳುವುದಿಲ್ಲ ಅಂತ.

ಆ ಕಣ್ಣಿಗೆ ಬಿದ್ದದ್ದು ನಿನ್ನೆ, ಅಲ್ಲ ಮೊನ್ನೆ, ನದಿಗಳ ಪುಸ್ತಕ. ನದಿ, ಸಮುದ್ರ, ಕೆರೆ ಏನೇ ಬರಲಿ ಇವಳು ಸದ್ದಿಲ್ಲದೆ ಪಕ್ಕದ ಮೇಜಿನವಳಿಗೆ ದಾಟಿಸಿ ಅವಳ ವ್ಯಾಕರಣದ ಪುಸ್ತಕಗಳನ್ನು ತಾನು ಎಳೆದುಕೊಳ್ಳುವುದು ರೂಢಿ, ಈ ಸಲ ಅವಳಿಗೆ ಹೆರಿಗೆ ರಜೆ, ದಪ್ಪನೆಯ ಕಟ್ಟು ಬಂದು ಇವಳ ಎದುರಿಗೇ ಕೂತಿತು, ಎಂಥ ಒಳ್ಳೆಯ ಕೂಸು ಅದು, ಸರಿಯಾದ ಹೊತ್ತಿಗೆ ಹುಟ್ಟಿತು. ಬೆಟ್ಟದ ಬಿರುಕಿನಲ್ಲಿ ಬೆರಳುದ್ದ ಜಿನುಗುವಲ್ಲಿಂದ ಶುರು, ಹೂಳು ಹೇಗೆ ಹೊಲವಾಗುತ್ತದೆ, ಮೀನುಗಳು ಹುಟ್ಟಿದ ಕಡೆಗೆ ಹೇಗೆ ದಾರಿ ಹುಡುಕುತ್ತವೆ, ದೋಣಿಯವರು ಹುಟ್ಟು ಹಾಕುವ ಲಯಕ್ಕೆ ಹುಟ್ಟಿದ ಹಾಡುಗಳು, ನದಿ ಮಗ್ಗುಲು ಬದಲಿಸಿದ್ದಕ್ಕೆ ಸೇತುವೆಯೊಂದು ಒಣನೆಲದ ಮೇಲೆ ಪೆಚ್ಚಾಗಿ ನಿಂತ ಕಥೆ, ನದಿಯನ್ನು ತಾಯಿ ಅನ್ನುವ ಜನ, ತಂದೆ ಅನ್ನುವ ಜನ, ಚಿಕ್ಕಮ್ಮ ಅನ್ನುವವರು ಯಾರೂ ಇಲ್ಲವೇ ಅಂತ ಪೆನ್ಸಿಲ್ ಕಚ್ಚಿಕೊಂಡು ತನ್ನಷ್ಟಕ್ಕೇ ನಕ್ಕಿದ್ದಳು, ಪುಟ ತಿರುಗಿಸಿದಳು, ನಗು ಅಲ್ಲೇ ನಿಂತಿತು. ಸಣ್ಣ ಒಡ್ಡುಗಳ ಕೆಳಗೆ ಬಿದ್ದ ನೀರು ಮೇಲ್ಮೈಯಲ್ಲಿ ಒಡ್ಡಿನತ್ತಲೇ ಹಿಂದಕ್ಕೆ ಉರುಳುತ್ತದೆ, ತೇಲುವ ಯಾವುದನ್ನೂ ಹೊರಗೆ ಬಿಡುವುದಿಲ್ಲ, ಹೊರಗೆ ಹೋಗುವ ಹರಿವು ಇರುವುದು ತಳದಲ್ಲಿ ಮಾತ್ರ, ಬದುಕಿ ಬಂದ ಕೆಲವರು ಹೇಳುವಂತೆ ಅಲ್ಲಿ ಸಿಕ್ಕವರು ಮೇಲೇಳಬಾರದು ಕೆಳಗಿಳಿಯಬೇಕು — ಮೇಲೇಳಬಾರದು ಆದ ಮೇಲೆ ಒಂದು ಕಾಮಾ ಬೇಕಿತ್ತು, ಪೆನ್ಸಿಲ್ಲಿನ ಮೊನೆ ಆ ಜಾಗಕ್ಕೆ ಹೋಗಿ ಅಲ್ಲೇ ಕೂತುಬಿಟ್ಟಿತು, ಕಾಮಾ ಹಾಕಲಿಲ್ಲ, ಓದಿದಳು, ಮತ್ತೆ ಓದಿದಳು, ಎದ್ದು ನೀರು ಕುಡಿದು ಬಂದು ಓದಿದಳು, ಕೊನೆಗೆ ಲೇಖಕರಿಗೇ ಫೋನು ಮಾಡಿದಳು, ಹೊಳೆಗಳ ಹರಿವು ಅಳೆಯುವ ಕೆಲಸದಲ್ಲಿದ್ದು ನಿವೃತ್ತರಾದ ಹಿರಿಯರು, ಸರ್, ಒಂದು ಸಣ್ಣ ಸಂದೇಹ, ಒಬ್ಬರು ಇನ್ನೊಬ್ಬರನ್ನ, ಒಂದು ಮಗೂನ ಅಂತಿಟ್ಕೊಳ್ಳಿ, ಬೇಕಂತಲೇ ಕೆಳಗೆ ತಳ್ಳಿದ್ರೆ? ಅವರು, ಇದು ಪುಸ್ತಕಕ್ಕೆ ಬೇಕಾದ ಸಂದೇಹವೋ ನಿಮಗೆ ಬೇಕಾದದ್ದೋ ಅಂದರು. ನನಗೆ ಅಂದಳು. ಎಷ್ಟು ಎತ್ತರದ ಒಡ್ಡು, ಎಲ್ಲಿ ಹೊರಬಂದಿರಿ, ತಳ್ಳಿದವರು ಏನಾದರು, ಒಂದೊಂದನ್ನೇ ಡಾಕ್ಟರ ಹಾಗೆ ವಿಚಾರಿಸಿದರು, ಖಚಿತವಾಗಿ ಯಾರಿಂದಲೂ ಹೇಳೋಕಾಗಲ್ಲಮ್ಮ ಅಂದರು, ಅಪ್ಪಿ ಹಿಡಿದುಕೊಂಡಿದ್ದರೆ ಇಬ್ಬರೂ ಅಲ್ಲೇ ಉರುಳ್ತಾ ಇರ್ತಿದ್ರಿ, ಅವರು ತಳ್ಳಿದ್ದು ಬಾಗಿಲಿನ ಕಡೆಗೆ, ನೀವು ಈಗ ನನ್ನ ಹತ್ತಿರ ಫೋನಲ್ಲಿ ಮಾತಾಡ್ತಿದ್ದೀರಲ್ಲ, ನನಗೆ ಅಷ್ಟು ಸಾಕು. ಅವರಿಗೆ ಥ್ಯಾಂಕ್ಸ್ ಹೇಳಿದಳೋ ಇಲ್ಲವೋ, ಹೇಳದೇ ಫೋನು ಇಟ್ಟಿರಬೇಕು, ನಾಳೆ ಮಾಡಿ ಹೇಳಬೇಕು, ಮರೆಯಬಾರದು.

ಶಾಂಪೂ ನೊರೆ ಬಿಳಿಯಾಗಿ ಕಿವಿಯ ಹಿಂದೆ ಇಳಿಯುತ್ತಿದೆ, ಬೆರಳುಗಳು ಕೂದಲೊಳಗಿವೆ, ಎಷ್ಟು ತೆಳ್ಳಗಾಗಿದೆ ಕೂದಲು, ಅಡಿಯಲ್ಲಿ ತಲೆಬುರುಡೆ ಹಕ್ಕಿಯ ಮೊಟ್ಟೆಯಷ್ಟು ಬೆಚ್ಚಗೆ, ನಿನ್ನೆ ಇದನ್ನು ಊಟಕ್ಕೆ ಕೂತಾಗ ಹೇಳೋಣ ಅಂದುಕೊಂಡು ಉಪ್ಪು ಬೇಕಾ ಅಂತ ಕೇಳಿದಳು, ಮುಖ ನೋಡುತ್ತಾ ಹೇಳಲಾಗುವುದಿಲ್ಲ, ಬೆನ್ನು ಇದ್ದಾಗ ಆದೀತು, ಈಗ ಬೆನ್ನಿದೆ. ಚಿಕ್ಕಮ್ಮ, ಆ ಒಡ್ಡಿನ ಕೆಳಗೆ ನೀವು ನನ್ನನ್ನ ಯಾಕೆ ಕೆಳಕ್ಕೆ ತಳ್ಳಿದ್ರಿ ಅಂತ ನನಗೆ ಈಗ ಗೊತ್ತಾಯ್ತು. ಯಾರು ಹೇಳಿದ್ರು ಅಂದರು ಚಿಕ್ಕಮ್ಮ. ಪುಸ್ತಕದಲ್ಲಿತ್ತು. ಪುಸ್ತಕದಲ್ಲಿ ಬರೀತಾರಾ ಅದನ್ನೆಲ್ಲ ಅಂತ ಅವರಿಗೆ ನಿಜಕ್ಕೂ ಆಶ್ಚರ್ಯ, ನಮ್ಮಪ್ಪ ದೋಣಿ ನಡೆಸ್ತಿದ್ರಲ್ಲ, ಅಂಥದ್ದೇ ಒಂದು ಒಡ್ಡಿನ ಹತ್ತಿರ ನಮ್ಮನ್ನೆಲ್ಲ ನಿಲ್ಲಿಸಿ ಒಂದು ಒಣಮರದ ತುಂಡು ಎಸೆದ್ರು, ಅದು ಅಲ್ಲೇ ಉರುಳ್ತಾ ಇತ್ತು, ನೆನೆದು ಭಾರವಾದದ್ದು ಎಸೆದ್ರು, ಮುಳುಗ್ತು, ಆ ಕಡೆ ಎದ್ದು ಹೋಗೇಬಿಟ್ತು, ತಮಾಷೆ ಅಂತ ನೋಡಿದ್ವಿ ಆಗ, ನಿನ್ನ ತಲೆ ಮೇಲೆ ಕೈ ಇಟ್ಟಾಗ ನನ್ನ ಕಣ್ಣ ಮುಂದೆ ಇದ್ದಿದ್ದು ಆ ಮರದ ತುಂಡೇ, ಸರಿಯೋ ತಪ್ಪೋ ನನಗೂ ಗೊತ್ತಿರಲಿಲ್ಲ ಕಣೇ, ನಾನು ಹೇಗೆ ಬಂದೆ ಅಂತ ಇವತ್ತಿಗೂ ಗೊತ್ತಿಲ್ಲ, ಎಚ್ಚರ ತಪ್ಪಿ ಮುಳುಗಿರಬೇಕು, ಮುಳುಗಿದ್ದಕ್ಕೇ ಬಂದೆ.

ಯಾಕೆ ಹೇಳಲಿಲ್ಲ ನನಗೆ, ಕೇಳಿಯೇಬಿಟ್ಟಳು, ದನಿ ಏಳು ವರ್ಷದವಳದಾಗಿತ್ತು. ನಿಮ್ಮಪ್ಪನಿಗೆ ಹೇಳಿದ್ದೆ, ಅವರು ನಂಬಿದ್ರು, ನಿನಗೂ ಹೇಳೋಣ ಅಂತಲೇ ಇದ್ರು, ನಾನೇ ಬೇಡ ಅಂದೆ — ಚಿಕ್ಕಮ್ಮ ಕಣ್ಣಿನ ಹತ್ತಿರ ಬಂದ ನೊರೆಯನ್ನು ಎಡಗೈಯಿಂದ ಒರೆಸಿಕೊಂಡರು — ಮಾರನೇ ದಿನವೇ ನೀನು ಗೆಳತಿಯರ ಜೊತೆ ಮತ್ತೆ ಅಲ್ಲಿಗೆ ಹೋಗೋ ಹುಡುಗಿ, ನನಗೆ ನಿನ್ನ ಸ್ವಭಾವ ಗೊತ್ತಿಲ್ವಾ, ಚಿಕ್ಕಮ್ಮ ಮುಳುಗಿಸ್ತಾಳೆ ಅನ್ನೋ ಹೆದರಿಕೆ ಇದ್ರೆ ಆ ನೀರಿನ ಹತ್ತಿರ ಸುಳಿಯಲ್ಲ, ಇರಲಿ ಬಿಡಿ, ನನ್ನ ಮೇಲೇ ಇರಲಿ ಆ ಹೆದರಿಕೆ ಅಂದೆ, ದೊಡ್ಡವಳಾದ ಮೇಲೆ ಹೇಳಿದ್ರಾಯ್ತು ಅಂದುಕೊಂಡೆ, ಅಷ್ಟು ಹೊತ್ತಿಗೆ ನಿನಗೂ ಅಭ್ಯಾಸ ಆಗಿತ್ತು, ನನಗೂ ಆಗಿತ್ತು. ಇವಳ ಕೈಯಲ್ಲಿ ಪೆನ್ಸಿಲ್ಲಿಲ್ಲ, ಕಾಮಾ ಇಲ್ಲ, ನಲವತ್ತು ವರ್ಷಕ್ಕೂ ಮಿಕ್ಕಿ ಒಬ್ಬರ ಮೇಲೆ ಇಟ್ಟುಕೊಂಡಿದ್ದ ಹೆದರಿಕೆ ಅವರೇ ಕೈಯಾರೆ ಕೊಟ್ಟಿದ್ದ ರಕ್ಷಣೆ ಅಂತ ಗೊತ್ತಾದಾಗ ಏನನ್ನುತ್ತಾರೆ ಜನ, ಥ್ಯಾಂಕ್ಸ್ ಅನ್ನುವುದು ಬಸ್ಸಿನಲ್ಲಿ ಸೀಟು ಬಿಟ್ಟುಕೊಟ್ಟವರಿಗೆ, ಮಗ್ಗು ತುಂಬಿಕೊಂಡಳು, ಬಗ್ಗಿದಳು, ಬಾಯಿಂದ ತಾನಾಗಿ ಬಂತು, ಕಣ್ಣು ಮುಚ್ಕೋ ನೀನು, ನೀರು ಹಾಕ್ತೀನಿ.

ನೀನು. ಬಂದುಬಿಟ್ಟಿತು, ಹಿಂದಕ್ಕೆ ತೆಗೆದುಕೊಳ್ಳಬೇಕು ಅನ್ನಿಸಲಿಲ್ಲ, ಚಿಕ್ಕಮ್ಮ ಕೇಳಿಸಿಕೊಂಡಳೋ ಇಲ್ಲವೋ, ಕೇಳಿಸಿಕೊಂಡಿರಬೇಕು, ಭುಜ ಸ್ವಲ್ಪ ಕೆಳಗಿಳಿಯಿತು, ಮುಚ್ಚಿದೀನಿ, ಹಾಕು ಅಂದಳು ಚಿಕ್ಕಮ್ಮ, ಮುಖ ಮೇಲೆತ್ತಿದಳು, ಇವಳು ಆ ನೆತ್ತಿಯ ಮೇಲೆ ಎಡ ಅಂಗೈ ಇಟ್ಟು ಬಲಗೈಯಿಂದ ನೀರು ಸುರಿದಳು, ಸುರಿಯಲು ಬಂತು, ಉಸಿರು ಕಟ್ಟಲಿಲ್ಲ, ನೀರು ಬೆರಳುಗಳ ನಡುವಿಂದ ಹರಿದು ಬೆನ್ನಿನ ಮೇಲೆ ಇಳಿಯಿತು, ಇನ್ನೊಂದು ಮಗ್ಗು, ಇನ್ನೊಂದು, ಬಿಸಿ ಸರಿಯಾಗಿದೆಯಾ ಅಂದರೆ ಹ್ಞೂಂ ಅನ್ನುತ್ತಾಳೆ, ನೊರೆ ಹೋಗಿ ನೀರು ತಿಳಿಯಾಗುತ್ತಿದೆ, ಅಂಗೈ ಅಡಿಯಲ್ಲಿ ಒದ್ದೆ ತಲೆ, ಅಂಗೈ, ತಲೆ, ಐದು ಬೆರಳು — ಇಷ್ಟು ವರ್ಷ ನೆನಪು ತಳ್ಳಿದ ಕ್ಷಣಕ್ಕೇ ಮುಗಿದುಹೋಗುತ್ತಿತ್ತು, ಈಗ ಒಂದು ಕ್ಷಣ ಮುಂದೆ ಹೋಯಿತು, ಕಿವಿಯಲ್ಲಿ ಗಿರಣಿಯ ಸದ್ದು ನಿಂತಿದೆ, ತಣ್ಣನೆಯ ಹಸಿರು, ತಳದ ಕಲ್ಲು ಮೊಣಕಾಲಿಗೆ ತರಚಿ ಹಿಂದಕ್ಕೆ ಸರಿಯುತ್ತಿದೆ, ನೀರು ಹೊತ್ತೊಯ್ಯುತ್ತಿದೆ, ಇವಳು ಕತ್ತು ತಿರುಗಿಸಿ ಮೇಲೆ ನೋಡುತ್ತಾಳೆ, ನೊರೆಯ ಬಿಳುಪಿನಿಂದ ಇಳಿಬಿದ್ದ ಕೈ, ಹಿಂಬಾಲಿಸುತ್ತಿಲ್ಲ, ಮುಷ್ಟಿ ಕಟ್ಟುತ್ತಿಲ್ಲ, ದೂರವಾಗುತ್ತಾ ಚಿಕ್ಕದಾಗುತ್ತಾ, ಐದೂ ಬೆರಳು ಅಗಲವಾಗಿ ಬಿಚ್ಚಿಕೊಂಡು, ಬಿಟ್ಟುಕೊಟ್ಟು, ಸುಳಿಯೊಳಗೇ ಉಳಿದ ಕೈ, ಆ ಕೈ.