ಕೊನೆಯ ಪುಟದ ಪ್ರಶ್ನೆ

ಗೋಂದಿನ ವಾಸನೆ ಬಂದರೆ ಈಗಲೂ ಅಪ್ಪನ ಕಚೇರಿ ಕಣ್ಣಮುಂದೆ ಬರುತ್ತದೆ. ಚಿಕ್ಕವಳಿದ್ದಾಗ ಅಲ್ಲಿ ತೆರಿಗೆ ಅರ್ಜಿಗಳಿಗೆ ರಸೀದಿ ಅಂಟಿಸುತ್ತಿದ್ದೆ. ಮದುವೆಯಾದ ಮೇಲೂ ಅದೇ ಕೆಲಸ ಮುಂದುವರಿಯಿತು. ಪ್ರತಿವರ್ಷ ಯಜಮಾನರು ಬರೆಯುತ್ತಿದ್ದರು, ನಾನು ಪಕ್ಕದಲ್ಲಿ ಕೂತು ಅಂಟಿಸುತ್ತಿದ್ದೆ.

ಅವರು ತೀರಿಕೊಂಡ ವರ್ಷದ ರಿಟರ್ನನ್ನು ಕಂಪ್ಯೂಟರಿನಲ್ಲಿ ನಾನೇ ತುಂಬಲು ಕೂತೆ. "ಪೂರ್ತಿ ಉಚಿತ" ಎಂದು ಹೇಳಿಕೊಂಡಿದ್ದ ತಂತ್ರಾಂಶ, ಕೊನೆಯ ಪುಟದಲ್ಲಿ ತೆರಿಗೆದಾರರು ಬದುಕಿದ್ದಾರೆಯೇ ಎಂದು ಕೇಳಿತು. 'ಇಲ್ಲ' ಎಂದು ಒತ್ತಿದೆ. ವಾರಸುದಾರರು ಸಲ್ಲಿಸುವುದಾದರೆ ಶುಲ್ಕವಿದೆ ಎಂದಿತು. 'ಹೌದು' ಎಂದರೆ ಉಚಿತ. 'ಹೌದು' ಒತ್ತಿ, ಸಲ್ಲಿಸದೆ, ಆ ಪುಟವನ್ನೇ ನೋಡುತ್ತಾ ಬಹಳ ಹೊತ್ತು ಕೂತೆ.

ಓದಲು ಒಯ್ದಿದ್ದ ಪತ್ರಿಕೆ ಹಿಂದಿರುಗಿಸಲು ಬಂದ ಕೆಳಮನೆಯ ಆಡಿಟರ್ ಹುಡುಗಿ ಪರದೆಯ ಮೇಲಿದ್ದ 'ಹೌದು', 'ಉಚಿತ' ಎರಡನ್ನೂ ಕಂಡಳು.

"ಇದೇನು ಆಂಟಿ, ದುಡ್ಡು ಉಳಿಸೋಕೆ ಅಂಕಲ್‌ನ ಎಬ್ಬಿಸಿಬಿಟ್ರಾ?" ಎಂದು ನಕ್ಕಳು.

"ದುಡ್ಡಿಗಲ್ಲಮ್ಮ. ಇನ್ನೊಂದು ವರ್ಷ ಜೊತೇಲಿರ್ಲಿ ಅನ್ನಿಸ್ತು."

"ಇಲಾಖೆಯವರ ಸೈಟಲ್ಲಿ ನಿಜವಾಗ್ಲೂ ಪುಕ್ಕಟೆ. ಆದ್ರೆ ಅಲ್ಲೂ ಈ ಪ್ರಶ್ನೆ ಇರುತ್ತೆ." ಪತ್ರಿಕೆಯನ್ನು ಮೇಜಿನ ಮೇಲಿಟ್ಟು ಕೇಳಿದಳು, "ಅಂಕಲ್ ಇದ್ದಿದ್ರೆ ಏನ್ಮಾಡ್ತಿದ್ರು?"

"ಒಂದಂಕಿ ತಪ್ಪಿದ್ರೂ ಹಾಳೇನೇ ಹರಿದು ಹಾಕೋರು."

ಅವರ ಕುರ್ಚಿಯಲ್ಲಿ ನಾನಿದ್ದೆ. ನನ್ನ ಹಳೆಯ ಜಾಗಕ್ಕೆ ಅವಳು ಸ್ಟೂಲು ಎಳೆದುಕೊಂಡು ಕೂತು, ಇಲಾಖೆಯ ಸೈಟಿನಲ್ಲಿ ಎಲ್ಲವನ್ನೂ ಮತ್ತೆ ತುಂಬಿದಳು. ಆ ಪ್ರಶ್ನೆ ಬಂದಾಗ ಮಾತ್ರ ಕೈ ಹಿಂದೆಗೆದುಕೊಂಡು, "ನೀವೇ ಒತ್ತಿ, ನಾನಿಲ್ಲೇ ಇದೀನಿ" ಎಂದಳು.

'ಇಲ್ಲ' ಎಂದು ಒತ್ತಿದೆ.

ಅವಳು ಎದ್ದು ಕೆಳಗೆ ಹೋದಳು. ನಾನು ಸಲ್ಲಿಸಿದ್ದಕ್ಕೆ ಬಂದ ರಸೀದಿ ಮುದ್ರಿಸಿ, ಅವರ ಕಡತದ ಕೊನೆಯ ಹಾಳೆಗೆ ಗೋಂದು ಹಚ್ಚುತ್ತಿದ್ದೆ. ಮತ್ತೆ ಮೇಲೆ ಬಂದವಳು ಮುಚ್ಚಿದ ಬಿಸಿ ಊಟದ ತಟ್ಟೆಯನ್ನು ನನ್ನ ಕೈಗಿಟ್ಟಳು.