ಒಂಬತ್ತನೆಯ ಬಟ್ಟೆ

ಎಂಟೇ. ಕನಾಯೆ ಎಡಿಟಿಂಗ್ ಯಂತ್ರದ ಹಿಡಿಕೆಯನ್ನು ಹಿಂದಕ್ಕೆ ತಿರುಗಿಸಿ, ಮೂರನೆಯ ಸಲ ಮೊದಲಿನಿಂದ ನೋಡಿದಳು. ಪುಟ್ಟ ಪರದೆಯ ಮೇಲಿನ ತೆರೆದ ಹೊಟ್ಟೆಯೊಳಗೆ ರಕ್ತ ಹೀರುವ ಒಂಬತ್ತು ಗಾಜ್ ಬಟ್ಟೆಗಳು ಬೆಳ್ಳಗೆ ಹೋದವು. ಕೆಂಪಾಗಿ ಹೊರಬಂದವು ಎಂಟು. ಹೊಟ್ಟೆ ಅವಳ ಅಮ್ಮನದು.

ಮೂರು ವಾರದ ಹಿಂದೆ ಅಮ್ಮನ ಪಿತ್ತಕೋಶದ ಕಲ್ಲು ತೆಗೆದಾಗ, ಡಾಕ್ಟರರ ಕೈಕಾಲು ಹಿಡಿದು ಕ್ಯಾಮೆರಾವನ್ನು ಆಪರೇಷನ್ ಕೋಣೆಯೊಳಗೆ ಒಯ್ದಿದ್ದಳು. ಹತ್ತು ನಿಮಿಷದ ಚಿತ್ರ. ಕಥೆಯಿಲ್ಲ, ಮುಖವಿಲ್ಲ, ಬರೀ ಚರ್ಮ, ಬೆಳಕು, ಕೈಗವಸು. ಶನಿವಾರ ಕೋಬೆ ನಗರದ ಒಂದು ಕಾಫಿ ಅಂಗಡಿಯ ಮಹಡಿಯಲ್ಲಿ ಪ್ರದರ್ಶನ. ಇಂಥ ಚಿತ್ರಗಳಿಗೆ ಬರುವವರು ಇಪ್ಪತ್ತು ಜನ, ಅರ್ಧಕ್ಕೇ ಎದ್ದು ಹೋಗುವವರು ಹನ್ನೆರಡು.

"ಹೊಟ್ಟೆಗೇ ಹೀರೋಯಿನ್ ಪಾರ್ಟು ಕೊಟ್ಟಿದೀಯ. ಮುಖ ಏನ್ ಪಾಪ ಮಾಡಿತ್ತೇ?" ಚಾಪೆಯ ಮೇಲೆ ಕಿತ್ತಳೆ ಸುಲಿಯುತ್ತಿದ್ದ ಅಮ್ಮ ನಗಲು ಹೋಗಿ ಬಲಪಕ್ಕೆ ಹಿಡಿದುಕೊಂಡಳು.

"ಇನ್ನೂ ನೋಯ್ತಿದೆಯಾ?"

"ಹೊಲಿಗೆ ಮಾಯೋವರೆಗೂ ಹಂಗೇ ಅಂದ್ರಲ್ಲ ಡಾಕ್ಟ್ರು. ಸಂಜೆಯಾದ್ರೆ ಒಂಚೂರು ಜ್ವರ, ಅಷ್ಟೇ. ನಿನ್ ಮುಖ ಯಾಕೆ ಬಿಳಚ್ಕೊಂಡಿದೆ?"

ಕನಾಯೆ ಕತ್ತರಿಸಿ ಕ್ಲಿಪ್ಪಿಗೆ ನೇತುಹಾಕಿದ್ದ ಫಿಲ್ಮಿನ ತುಂಡುಗಳನ್ನೆಲ್ಲ ಬೆಳಕಿಗೆ ಹಿಡಿದು ನೋಡಿದಳು. ಒಂಬತ್ತನೆಯದು ಯಾವುದರಲ್ಲೂ ಇಲ್ಲ. ರೀಲು ಬದಲಿಸುವಾಗ ಹೊರಬಂದಿರಬಹುದು. ಬಂದಿರಲೇಬೇಕು! ಆ ಅರ್ಧ ನಿಮಿಷದ ಚಿತ್ರವಿಲ್ಲ, ಆದರೆ ದನಿಯಿದೆ, ಟೇಪು ನಿಂತಿರಲಿಲ್ಲ. ಹೊರಬಂದ ಒಂದೊಂದು ಬಟ್ಟೆಯನ್ನೂ ನರ್ಸ್ ತಟ್ಟೆಯಲ್ಲಿ ಹರಡಿ, ಗಟ್ಟಿಯಾಗಿ ಎಣಿಸುತ್ತಿದ್ದಳು. ಕನಾಯೆ ಟೇಪು ಹಾಕಿದಳು.

"ಏಳು... ಎಂಟು..."

ಆಮೇಲೆ ಇನ್ನೊಂದು ದನಿ. "ಕ್ಷಮಿಸಿ, ಆ ತಟ್ಟೆಯ ಬಿಳುಪು ಕ್ಯಾಮೆರಾಕ್ಕೆ ಹೊಡೀತಿದೆ. ಸ್ವಲ್ಪ ಆ ಕಡೆ ಇಡ್ತೀರಾ?"

ತಟ್ಟೆ ಸರಿದ ಸದ್ದು. "ಎಲ್ಲ ಬಂತಾ?" ಎಂದರು ಡಾಕ್ಟರು. ನರ್ಸ್ ಒಂದು ಕ್ಷಣ ತಡೆದು "ಬಂತು" ಎಂದಳು. ಮುಂದೆ ಬರೀ ಕತ್ತರಿಯ ಸದ್ದು. ಒಂಬತ್ತು ಎಂದು ಯಾರೂ ಹೇಳಲಿಲ್ಲ.

"ಅದು ನಿನ್ ದನಿ ಅಲ್ವೇನೇ?" ಅಮ್ಮನ ಮುಖ ಅರಳಿತು. "ಎಷ್ಟು ಮರ್ಯಾದೆಯಿಂದ ಮಾತಾಡ್ತೀಯ ಅಲ್ಲಿ! ಮನೇಲೂ ಹಂಗೇ ಮಾತಾಡಬಾರ್ದಾ?"

ಕನಾಯೆ ಫೋನ್ ಎತ್ತಿ ಆಸ್ಪತ್ರೆಯ ನಂಬರು ತಿರುಗಿಸಿದಳು. ಅಮ್ಮ ಕಿತ್ತಳೆಯ ತೊಳೆಯೊಂದರ ನಾರು ಬಿಡಿಸಿ, ಮಗಳಿಗೆಂದು ಸಿಪ್ಪೆಯ ಮೇಲೆ ಎತ್ತಿಟ್ಟಳು. ಇನ್ನೊಂದು ಕೈ ಬಲಪಕ್ಕೆಯ ಮೇಲೇ ಇತ್ತು.