ಮೊಗ್ಗಿನಲ್ಲಿ ಕಾಣದ ಹಸಿರು

ಮಮದಾಪುರದಲ್ಲಿ ಮುಂಗಾರು ಮಳೆ ಎರಡು ಸಲ ಜೋರಾಗಿ ಹೊಡೆದು ಮರುದಿನ ಬಿಸಿಲು ಬಿತ್ತೆಂದರೆ, ಹೆಂಗಸರು ಬುಟ್ಟಿ ಹಿಡಿದು ಕೆರೆಯ ಏರಿಯ ಕಡೆ ನಡೆಯುತ್ತಾರೆ. ಅಣಬೆ ಯಾರ ಹೊಲದ ಬೆಳೆಯೂ ಅಲ್ಲ, ಮೊದಲು ಕಂಡವರದು. ನಸುಕಿನಲ್ಲಿ ಹೋದವರಿಗೆ ಮೊಗ್ಗು. ಹೊತ್ತೇರಿದ ಮೇಲೆ ಹೋದವರಿಗೆ ಹುಳ ಬಿದ್ದ ಛತ್ರಿ.

ಮೊಗ್ಗು ಆರಿಸುವುದರಲ್ಲಿ ಊರಿಗೆಲ್ಲ ಹೆಸರಾದವಳು ಮಾಳವ್ವ. ಆಕೆ ಕೊಟ್ಟ ಅಣಬೆ ತಿಂದು ಇದುವರೆಗೆ ಯಾರೂ ಹೊಟ್ಟೆ ಹಿಡಿದುಕೊಂಡು ಕೂತಿರಲಿಲ್ಲ. ಅತ್ತೆ ಹೇಳಿಕೊಟ್ಟ ಎರಡು ಪದ್ಧತಿಗಳನ್ನು ಆಕೆ ಎಂದೂ ಬಿಟ್ಟವಳಲ್ಲ. ಅರಳಿದ್ದನ್ನು ಮುಟ್ಟಬಾರದು, ಮುಚ್ಚಿದ ಮೊಗ್ಗನ್ನೇ ತರಬೇಕು. ಕಿತ್ತು ತೆಗೆಯಬಾರದು, ಕುಡಗೋಲಿನಿಂದ ನೆಲದ ಮಟ್ಟಕ್ಕೆ ಕೊಯ್ಯಬೇಕು. ಬೇರು ಒಳಗೆ ಉಳಿದರೆ ಮುಂದಿನ ವರ್ಷವೂ ಅದೇ ಜಾಗದಲ್ಲಿ ಏಳುತ್ತದೆ ಎಂಬುದು ಅತ್ತೆಯ ಮಾತು.

ಈ ವರ್ಷ ಮಗಳು ಆಮ್ರಪಾಲಿ ಐದು ತಿಂಗಳ ಬಸುರಿಯಾಗಿ ತವರಿಗೆ ಬಂದಿದ್ದಳು. ವಿಜಯಪುರದ ಕಾಲೇಜಿನಲ್ಲಿ ಬಿಎಸ್ಸಿ ಓದಿದವಳು. ಮಾತು ಕಡಿಮೆ. ಬಂದು ಹದಿನೈದು ದಿನವಾದರೂ ಬಾಯಿಬಿಟ್ಟು ಕೇಳಿದ್ದು ಒಂದೇ: “ಯವ್ವಾ, ಅಣಬಿ ಪಲ್ಯ ತಿನಬೇಕ ಅನಸ್ತೈತಿ.”

ಮಗಳ ಬಯಕೆ ಎಂದ ಮೇಲೆ ಮಾಳವ್ವ ಸುಮ್ಮನೆ ಕೂರುವವಳೆ? ಮಳೆ ನಿಂತ ಮರುದಿನ ಬೆಳಕು ಹರಿಯುವಷ್ಟರಲ್ಲಿ ಏರಿಯ ಬುಡದಲ್ಲಿದ್ದಳು. ಆದರೆ ವರ್ಷವರ್ಷವೂ ಅಣಬೆ ಏಳುತ್ತಿದ್ದ ಹಳೆಯ ಹುತ್ತ ಅಲ್ಲಿರಲಿಲ್ಲ. ಬೇಸಿಗೆಯಲ್ಲಿ ಹೂಳು ಎತ್ತಲು ಬಂದ ಜೆಸಿಬಿ ಅದನ್ನು ಸವರಿ ಹಾಕಿತ್ತು. ಮಾಳವ್ವ ಸುತ್ತ ಕಣ್ಣಾಡಿಸಿದಳು. ಇಪ್ಪತ್ತು ಹೆಜ್ಜೆ ಆಚೆ, ರಾತ್ರಿ ಹೊತ್ತು ಕುರಿಮಂದೆ ತರುಬಿದ್ದ ಹುಲ್ಲಿನ ಜಾಗದಲ್ಲಿ ಬೆಳ್ಳನೆಯ ಮೊಗ್ಗುಗಳು ಸಾಲಾಗಿ ಎದ್ದಿದ್ದವು. ಹುತ್ತ ಹೋದರೇನಾಯಿತು, ಅಣಬೆ ಇತ್ತ ಸರಿದು ಬಂದಿದೆ ಎಂದುಕೊಂಡಳು. ಕುಡಗೋಲು ಆಡಿಸಿದಳು. ಬುಟ್ಟಿ ತುಂಬಿತು.

ಬರುವ ದಾರಿಯಲ್ಲಿ ನೆರೆಯ ರುದ್ರವ್ವನ ಮನೆ. ಅರ್ಧ ಬುಟ್ಟಿ ಅಲ್ಲಿ ಸುರುವಿದಳು.

“ನನ್ನ ಮಗ ಸಂಗೂಗ ಅಣಬಿ ಅಂದ್ರ ಜೀವ,” ಎಂದಳು ರುದ್ರವ್ವ. “ಮಧ್ಯಾಹ್ನ ಊಟಕ್ಕ ಇದನ್ನ ಮಾಡತೇನಿ ತಗೋ.”

ಮನೆಗೆ ಬಂದು ಮಾಳವ್ವ ಉಳ್ಳಾಗಡ್ಡಿ ಹೆಚ್ಚಿದಳು, ಶೇಂಗಾ ಕುಟ್ಟಿದಳು. ಅಣಬೆ ತೊಳೆಯಲು ಕೂತಾಗ ಆಮ್ರಪಾಲಿ ಬಂದು ಪಕ್ಕಕ್ಕೆ ಕೂತಳು. ಒಂದು ಮೊಗ್ಗು ತೆಗೆದು ಮೇಲೆ ಕೆಳಗೆ ತಿರುಗಿಸಿ ನೋಡಿದಳು. ಕೊಯ್ದ ಬುಡವನ್ನು ಬೆರಳಿನಿಂದ ಸವರಿದಳು.

“ಯವ್ವಾ, ಇವು ಹುತ್ತದ್ವು ಏನ?”

“ಹುತ್ತದ್ವ ಅಂತ ತಿಳಕೋ. ಅಲ್ಲೇ ಬಾಜೂಕ ಇದ್ವು.”

“ಬಾಜೂಕ ಅಂದ್ರ?”

“ಹುಲ್ಲಿನ್ಯಾಗ. ಯಾಕ, ವಾರಸಾ ಪತ್ರ ಬೇಕೇನ ನಿನಗ?”

ಒಲೆಯ ಮುಂದೆ ಚಹಾ ಕುಡಿಯುತ್ತಿದ್ದ ಗಂಡ ಶಾಂತಪ್ಪ ನಕ್ಕ. ಆಮ್ರಪಾಲಿ ನಗಲಿಲ್ಲ. ಮೊಗ್ಗನ್ನು ಬುಟ್ಟಿಗೆ ಹಾಕಿ, “ಇದನ್ನ ಮಾಡಬ್ಯಾಡ ಬೇ,” ಎಂದಳು.

ಮಾಳವ್ವನ ಕೈ ನಿಂತಿತು. “ನೀನ ಕೇಳಿದ್ದಿ!”

“ಕೇಳೇನಿ. ತಿನ್ನೂ ಆಸೆ ಇನ್ನೂ ಐತಿ. ಆದ್ರ ಇದು ಯಾವ ಅಣಬಿ ಅಂತ ಗೊತ್ತಿಲ್ಲ.”

“ನಿನಗ ಗೊತ್ತಿಲ್ಲ. ನನಗ ಗೊತ್ತೈತಿ. ಅರಿಶಿಣ ಹಾಕಿ ಕುದಸ್ತೇನಿ. ಬೇಕಾದ್ರ ಬೆಳ್ಳಿ ಕಾಲುಂಗರಾ ಒಳಗ ಬಿಡತೇನಿ. ಕಪ್ಪಾದ್ರ ಚೆಲ್ಲೂಣು. ಆತಿಲ್ಲೋ?”

“ತತ್ತಿ ಪಲ್ಯದಾಗ ಬಿಟ್ರೂ ಬೆಳ್ಳಿ ಕಪ್ಪಾಗತೈತಿ ಯವ್ವಾ. ತತ್ತಿ ವಿಷ ಏನು? ಅಣಬಿ ವಿಷಕ್ಕ ಬೆಳ್ಳಿನೂ ಗೊತ್ತಾಗೂದಿಲ್ಲ, ಅರಿಶಿಣನೂ ಗೊತ್ತಾಗೂದಿಲ್ಲ. ಕುದಿಸಿದ್ರ ಎಲ್ಲಾ ವಿಷ ಹೋಗೂದೂ ಇಲ್ಲ.”

“ನಾನೂ ಮದಿವ್ಯಾದಾಗಿಂದ ಈಕಿ ಕೈಯಾಗಿನ ಅಣಬಿ ತಿಂದು ಬದಕೇನಿ,” ಎಂದ ಶಾಂತಪ್ಪ. “ನನ್ನ ನೋಡಿದ್ರ ಸಾಕ್ಷಿ ಸಾಲೂದಿಲ್ಲೇನವಾ?”

“ಅವು ಹುತ್ತದ್ವು ಅಪ್ಪಾ.” ಆಮ್ರಪಾಲಿ ಬುಟ್ಟಿಯಿಂದ ಇನ್ನೊಂದು ಮೊಗ್ಗು ಎತ್ತಿ ಹಿಡಿದಳು. “ನಾವು ಕೊಯ್ಯೂದು ಅಣಬಿ ಗಿಡ ಅಲ್ಲ, ಅದರ ಹಣ್ಣು. ಗಿಡ ನೆಲದಾಗ ನೂಲಿನಂಗ ಹಬ್ಬಿರತೈತಿ. ಬೀಜ ಚೆಲ್ಲೂದಕ್ಕ ಅಷ್ಟ ಹಣ್ಣು ಮ್ಯಾಲ ಬರತೈತಿ. ಪುಸ್ತಕದಾಗ ಅದಕ್ಕ ಫಲಕಾಯ ಅಂತಾರ.”

“ಹಣ್ಣಂತ! ಇನ್ನ ಸಂತ್ಯಾಗ ಬಾಳಿಹಣ್ಣಿನ ಬಾಜೂ ಇಡೂಣು.”

“ಕೇಳ ಬೇ. ಮೊಗ್ಗಿದ್ದಾಗ ಸುಮಾರು ಅಣಬಿ ಒಂದ ನಮೂನಿ ಬೆಳ್ಳಗ ಕಾಣತಾವ. ಯಾವ ಜಾತಿ ಅಂತ ತಿಳೀಬೇಕಾದ್ರ ಅರಳಿದ ಮ್ಯಾಲ ನೋಡಬೇಕು, ಬುಡದ ತನಾ ಅಗದು ನೋಡಬೇಕು. ನೀ ಅರಳೂದ್ರಾಗ ಕೊಯ್ತಿ. ಬುಡಾ ನೆಲದಾಗ ಬಿಡತಿ. ಗುರ್ತ ಇರೂದು ಅವ ಎರಡ್ರಾಗ. ಎರಡನ್ನೂ ಅಲ್ಲೇ ಬಿಟ್ಟು ಬಂದಿ.”

ಅತ್ತೆಯ ಎರಡೂ ಪದ್ಧತಿಗಳನ್ನು ಮಗಳು ಒಂದೇ ಉಸಿರಿನಲ್ಲಿ ತಳ್ಳಿ ಹಾಕಿದ್ದಳು. ಮಾಳವ್ವನಿಗೆ ಮೈ ಉರಿಯಿತು.

“ಬುಟ್ಟಿ ಅರ್ಧ ಐತಿ,” ಎಂದಳು ಆಮ್ರಪಾಲಿ. “ಯಾರಿಗರೆ ಕೊಟ್ಟಿಯೇನು?”

ಮಾಳವ್ವ ಮುಖ ಎತ್ತಲಿಲ್ಲ. “ಇಷ್ಟ ಸಿಕ್ಕುವು.”

ಯಾಕೆ ಹಾಗೆಂದಳೋ ಆಕೆಗೇ ತಿಳಿಯಲಿಲ್ಲ. ಮಗಳ ಮಾತು ಸುಳ್ಳಾದರೆ ರುದ್ರವ್ವನಿಗೆ ಹೇಳುವ ಅಗತ್ಯವೇ ಇಲ್ಲ. ಈಗಲೇ ಹೋಗಿ ಹೇಳಿದರೆ, ಮಾಳವ್ವನಿಗೂ ಅಣಬೆ ಗುರುತು ಹತ್ತಲಿಲ್ಲವಂತೆ ಎಂದು ಸಂಜೆಯೊಳಗೆ ಊರೆಲ್ಲ ಆಡಿಕೊಳ್ಳುತ್ತದೆ. ನೋಡೋಣ, ಮಧ್ಯಾಹ್ನಕ್ಕೆ ಇನ್ನೂ ಹೊತ್ತಿದೆ ಎಂದುಕೊಂಡಳು.

ಮಗಳು ಹೇಳಿದಂತೆ ಅರಳಿದ್ದನ್ನೇ ನೋಡೋಣವೆಂದು ಶಾಂತಪ್ಪ ಕುರ್ಪಿ ಹಿಡಿದು ಏರಿಯ ಕಡೆ ಹೋದ. ಅರಳಿದ್ದೊಂದನ್ನು ಬುಡ ಸಹಿತ ಅಗೆದು ತಂದು, ಅಂಗಳದ ಕಲ್ಲಿನ ಮೇಲೆ ಇಟ್ಟ. ಅಗಲವಾದ ಬಿಳಿ ಟೊಪ್ಪಿಗೆ, ಮೇಲೆ ಕಂದು ಚಕ್ಕೆಗಳು. ಆಮ್ರಪಾಲಿ ಮುಟ್ಟದೆ ಒಂದು ಕಡ್ಡಿಯಿಂದ ಒಂದೊಂದೇ ತೋರಿಸಿದಳು.

“ಇದು ಟೊಪಗಿ. ಕೆಳಗ ಪುಸ್ತಕದ ಹಾಳಿ ಹಂಗ ಅದಾವಲ್ಲ, ಇವಕ್ಕ ಕಿವಿರು ಅಂತಾರ. ಬೀಜ ಇರೂದು ಇಲ್ಲೇ. ದಂಟಿನ ಸುತ್ತ ಇದು ಉಂಗುರ.”

“ನಾವು ಅದಕ್ಕ ಬಳಿ ಅಂತೀವಿ,” ಎಂದಳು ಮಾಳವ್ವ, ಸಿಟ್ಟಿನಲ್ಲೇ.

“ಬಳಿನ ಅನ್ನು, ಅದೂ ಚಲೋ ಹೆಸರ. ಈಗ ಬುಡಾ ನೋಡು. ಉಂಡಿ ಹಂಗ ದಪ್ಪಾಗಿ ಅಲ್ಲಿಗೇ ಮುಗದೈತಿ. ಹುತ್ತದ ಅಣಬಿಗೆ ಉದ್ದ ಬೇರ ಇರತೈತಿ, ಗೆದ್ದಲ ಗೂಡಿನ ತನಾ ಇಳದಿರತೈತಿ. ಇದು ಹುತ್ತದ್ದಲ್ಲ.”

“ಕಿವಿರೋ ಗಿವಿರೋ, ಬೆಳ್ಳಗ ಅದಾವಲ್ಲ! ವಿಷದ್ದು ಹಿಂಗ ಇರತೈತೇನು?”

ಆಮ್ರಪಾಲಿ ದಂಟು ಕತ್ತರಿಸಿ, ಟೊಪ್ಪಿಗೆಯನ್ನು ಕಿವಿರು ಕೆಳಗಾಗುವಂತೆ ಒಂದು ಬಿಳಿ ಹಾಳೆಯ ಮೇಲೆ ಇಟ್ಟು, ಒಡೆದ ಬೋಗುಣಿಯೊಂದನ್ನು ಮೇಲೆ ಬೋರಲು ಹಾಕಿದಳು. ಕೈಯನ್ನು ಸಾಬೂನಿನಿಂದ ತೊಳೆದಳು.

“ಬೀಜದ ಪುಡಿ ಹಾಳಿ ಮ್ಯಾಲ ಉದರತೈತಿ. ಹಸರ ಬಿದ್ರ ಇದು ವಿಷದ್ದು.”

“ಬೆಳ್ಳಗ ಬಿದ್ರ ತಿಂತಿಯಲ್ಲ?”

“ಇಲ್ಲ. ಜೀವಾನ ತಗೊಳ್ಳೂವಂಥ ಅಣಬಿ ಅದಾವ, ಅವುಗಳ ಪುಡಿ ಬೆಳ್ಳಗ ಬೀಳತೈತಿ. ಇದು ಬರೇ ನಿನಗ ತೋರಸಾಕ. ತಿನ್ನಾಕ ಇದು ಪರೀಕ್ಷಾ ಅಲ್ಲ.”

“ಅಂದ್ರ ಹೆಂಗಾದ್ರೂ ನಿಂದ ಖರೆ!” ಮಾಳವ್ವ ಸೆರಗು ಝಾಡಿಸಿ ಒಳಗೆ ಹೋದಳು.

ಹೊತ್ತು ಸರಿಯಿತು. ಆಕೆ ಕಸ ಹೊಡೆದಳು, ಆಡಿಗೆ ನೀರು ಕುಡಿಸಿದಳು, ಮೂರು ಸಲ ಬೋಗುಣಿಯ ಹತ್ತಿರ ಬಂದು ಮುಟ್ಟದೆ ಹೋದಳು. ರುದ್ರವ್ವನ ಮನೆಯ ಕಡೆಯಿಂದ ಒಗ್ಗರಣೆಯ ಘಾಟು ಬಂದಾಗ ಬಾಗಿಲಿನ ತನಕ ಹೋಗಿ ಮರಳಿದಳು. ಹನ್ನೆರಡು ದಾಟಿತು. ಆಮ್ರಪಾಲಿಯ ರಕ್ತದೊತ್ತಡ ನೋಡಲು ಆಶಾ ಕಾರ್ಯಕರ್ತೆ ನಂದಾ ಬಂದರು.

“ಇದೇನ್ರಿ ಮಾಳವ್ವ, ಅಂಗಳದಾಗ ಬೋಗುಣಿ ಪೂಜಾ?”

ಆಮ್ರಪಾಲಿ ಬೋಗುಣಿ ಎತ್ತಿ ಟೊಪ್ಪಿಗೆ ಸರಿಸಿದಳು. ಹಾಳೆಯ ಮೇಲೆ ಬಂಡಿಯ ಗಾಲಿಯ ಅರಗಳಂತೆ ಸಣ್ಣ ಸಣ್ಣ ಗೆರೆಗಳು ಬಿದ್ದಿದ್ದವು. ಬಹಳ ದಿನ ಬೆಳಗದ ತಾಮ್ರದ ಚರಿಗೆಗೆ ಹಿಡಿಯುವ ಕಿಲುಬಿನಂಥ ಹಸಿರು.

ಮಾಳವ್ವ ಬಗ್ಗಿ ನೋಡಿದಳು. “ರುದ್ರಕ್ಕನ ಮನಿಗೆ ಅರ್ಧ ಕೊಟ್ಟೇನಿ,” ಎಂದವಳೇ ಚಪ್ಪಲಿ ಮೆಟ್ಟದೆ ಓಡಿದಳು. ನಂದಾ ಬೆನ್ನ ಹಿಂದೆ ಹೋದರು.

ಅಲ್ಲಿ ಸಂಗು ಆಗಲೇ ಉಂಡು ಕೈ ತೊಳೆಯುತ್ತಿದ್ದ. ಟ್ರ್ಯಾಕ್ಟರ್ ಬಾಡಿಗೆ ಇತ್ತೆಂದು ಬೇಗ ಬಂದಿದ್ದನಂತೆ. ರುದ್ರವ್ವ ತನ್ನ ತಾಟಿಗೆ ಪಲ್ಯ ಹಾಕಿಕೊಂಡು ರೊಟ್ಟಿ ಮುರಿಯುವುದರಲ್ಲಿದ್ದಳು. ಮಾಳವ್ವ ಆ ತಾಟು ಕಸಿದುಕೊಂಡಳು.

“ಅಯ್ಯ! ಕೊಟ್ಟಿದ್ದು ವಾಪಸ್ ಕೇಳಾಕ ಬಂದಿಯೇನ ಚಿಗವ್ವಾ?” ಎಂದ ಸಂಗು.

“ಉಣಬ್ಯಾಡ್ರಿ ಯಕ್ಕಾ. ಇದು ವಿಷದ್ದೈತಿ. ನಾನ ತಪ್ಪಿದೆ.”

ರುದ್ರವ್ವ ಮಗನ ಕಡೆ ನೋಡಿದಳು. “ಇಂವ ಎರಡು ರೊಟ್ಟಿ ತಿಂದಾನಲ್ಲ!”

“ನನಗೇನೂ ಆಗಿಲ್ಲ ತಗೋರಿ,” ಎಂದು ಸಂಗು ನಕ್ಕ. “ಗಟ್ಟಿ ಹೊಟ್ಟಿ ನಂದು.”

“ಆಗೂ ತನಾ ಕಾಯೂದು ಬ್ಯಾಡ,” ಎಂದರು ನಂದಾ. ಆಗಲೇ ಫೋನ್ ಕಿವಿಗೆ ಹಿಡಿದು ನೂರಾ ಎಂಟಕ್ಕೆ ಮಾತಾಡುತ್ತಿದ್ದರು. ರುದ್ರವ್ವ ಉಪ್ಪುನೀರು ಕಲಸಲು ಹೋದಾಗ ತಡೆದರು. “ಉಪ್ಪುನೀರು ಕುಡಿಸಿ ವಾಂತಿ ಮಾಡಸಬ್ಯಾಡ್ರಿ, ಅದರಿಂದ ಇನ್ನಷ್ಟು ಕಷ್ಟ ಆಗತೈತಿ. ಹಸಿ ಅಣಬಿ ಉಳದಿದ್ರ ಒಂದೆರಡು ಕಾಗದದಾಗ ಸುತ್ತಿ ಕೊಡ್ರಿ, ಡಾಕ್ಟರಿಗೆ ತೋರಸಬೇಕು.”

ಸಂಗುವಿನ ಜೊತೆ ರುದ್ರವ್ವ, ಮಾಳವ್ವ ಇಬ್ಬರೂ ಆಂಬುಲೆನ್ಸ್ ಹತ್ತಿದರು. ಆಸ್ಪತ್ರೆಯಿದ್ದ ಬಬಲೇಶ್ವರ ಇನ್ನೂ ದೂರವಿರುವಾಗಲೇ ಸಂಗುವಿನ ನಗು ನಿಂತಿತು. ಹೊಟ್ಟೆ ಕಿವುಚಿ ವಾಂತಿ ಶುರುವಾಯಿತು, ಆಮೇಲೆ ಭೇದಿ. ಆಸ್ಪತ್ರೆಯಲ್ಲಿ ಡಾಕ್ಟರು ಸಲೈನ್ ಹಚ್ಚುತ್ತಲೇ ಕೇಳಿದರು: “ಯಾವ ಅಣಬಿ? ಹೆಂಗಿತ್ತು?” ರುದ್ರವ್ವ ಮಾಳವ್ವನ ಕಡೆ ನೋಡಿದಳು. ಮಾಳವ್ವ ಮುಂದೆ ಬಂದಳು.

“ಹುಲ್ಲಿನ್ಯಾಗ ಎದ್ದಿತ್ರಿ, ಕುರಿ ತರುಬಿದ ಜಾಗಾದಾಗ. ಟೊಪಗಿ ಬೆಳ್ಳಗ, ಮ್ಯಾಲ ಕಂದು ಚಕ್ಕಿ. ದಂಟಿಗೆ ಬಳಿ ಐತ್ರಿ. ಬುಡಾ ಉಂಡಿ ಹಂಗ, ಉದ್ದ ಬೇರಿಲ್ಲ. ಕಿವಿರಿನ ಪುಡಿ ಹಸರ ಬಿದ್ದೈತಿ. ಇಂವ ಉಂಡದ್ದು ಹನ್ನೆರಡಕ್ಕ.”

ಡಾಕ್ಟರು ತಲೆಯೆತ್ತಿ ನೋಡಿದರು. “ಇಷ್ಟು ಚೊಕ್ಕ ಯಾರೂ ಹೇಳೂದಿಲ್ಲ,” ಎಂದು ಬರೆದುಕೊಂಡರು. ಆಮೇಲೆ ರುದ್ರವ್ವನಿಗೆ ತಿಳಿಸಿದರು: “ಬೇಗ ಬಂದೀರಿ, ಚಲೋ ಆತು. ಇದಕ್ಕಿಂತ ಕೆಟ್ಟ ಅಣಬಿ ಅದಾವ. ಅವು ತಿಂದ ಕೂಡ್ಲೆ ಏನೂ ಮಾಡೂದಿಲ್ಲ. ಆರು ತಾಸು, ಹನ್ನೆರಡು ತಾಸು ಆದ ಮ್ಯಾಲ ವಾಂತಿ ಆಗಿ, ಆಮ್ಯಾಲ ಆರಾಮ ಆದಂಗ ಕಾಣತೈತಿ. ಮೂರನೇ ದಿವಸಕ್ಕ ಯಕೃತ್ತು ಕೈ ಕೊಡತೈತಿ. ಬುಟ್ಟ್ಯಾಗ ಅಂಥಾವೂ ಕೂಡಿದ್ದರ ಗೊತ್ತಾಗೂದಿಲ್ಲ, ಅದಕ್ಕ ಆರಾಮ ಅನಿಸಿದ್ರೂ ಮನಿಗೆ ಒಯ್ಯಬ್ಯಾಡ್ರಿ.”

ಸಂಗು ಮೂರು ದಿನ ಆಸ್ಪತ್ರೆಯಲ್ಲಿದ್ದ. ರಕ್ತಪರೀಕ್ಷೆ ಸರಿಯಾಗಿ ಬಂದ ಮೇಲೆ, ನಾಲ್ಕನೆಯ ದಿನ ಬಸ್ಸಿನಲ್ಲಿ ಊರಿಗೆ ಬಂದ. ಮಾಳವ್ವನ ಮನೆಯ ಅಣಬೆಗಳನ್ನು ಶಾಂತಪ್ಪ ಆಳವಾದ ಕುಣಿ ತೆಗೆದು, ಆಡು ನಾಯಿ ಮುಟ್ಟದ ಹಾಗೆ ಅಂದೇ ಮುಚ್ಚಿದ್ದ.

ಭಾನುವಾರ ಆಮ್ರಪಾಲಿಯ ಗಂಡ ಪ್ರತಾಪ ವಿಜಯಪುರದಿಂದ ಬಂದ. ಅಂಗಡಿಯಲ್ಲಿ ಮಾರುವ, ಶೆಡ್ಡಿನಲ್ಲಿ ಬೆಳೆದ ಅಣಬೆಯ ಎರಡು ಪ್ಯಾಕೆಟ್ ತಂದಿದ್ದ. ಮಾಳವ್ವ ಚೆನ್ನಾಗಿ ಬೇಯಿಸಿ ಪಲ್ಯ ಮಾಡಿದಳು. “ಮಣ್ಣಿನ ವಾಸನೀನ ಇಲ್ಲ ಇದಕ್ಕ,” ಎಂದು ಗೊಣಗಿದಳು. ಆಮ್ರಪಾಲಿ ಎರಡು ಸಲ ಹಾಕಿಸಿಕೊಂಡು ಉಂಡಳು.

ಆಗ ರುದ್ರವ್ವ ಬಂದಳು. ಕೂಡೆಂದರೂ ಕೂಡದೆ ಬಾಗಿಲಲ್ಲೇ ನಿಂತಳು.

“ಓಡಿ ಬಂದು ಹೇಳಿದಿ. ಅದಕ್ಕ ನನ್ನ ಮಗ ಉಳದ. ನಾನೂ ಉಣ್ಣಲಿಲ್ಲ,” ಎಂದಳು. “ಆದ್ರ ಮಾಳವ್ವ, ನಿನ್ನ ಮಗಳು ಮುಂಜಾನೆನ ಬ್ಯಾಡ ಅಂದಿದ್ಲಂತ. ಆವಾಗ್ಲೇ ಬಂದಿದ್ರ?”

ಮಾಳವ್ವ ಮರುದಿನ ಸ್ವಸಹಾಯ ಸಂಘದ ಸಭೆಯಲ್ಲಿ, ಯಾರೂ ಕೇಳುವ ಮೊದಲೇ ಎದ್ದು ನಿಂತು, ತಾನು ಹುಲ್ಲಿನ ಅಣಬೆಯನ್ನು ಹುತ್ತದ್ದೆಂದು ತಿಳಿದದ್ದನ್ನೂ, ಅರ್ಧ ಬುಟ್ಟಿಯ ಮಾತನ್ನು ಮಗಳಿಂದ ಮುಚ್ಚಿಟ್ಟದ್ದನ್ನೂ ಹೇಳಿದಳು. ಕುಡಗೋಲು ಹಿಡಿದು ಏರಿಗೆ ಹೋಗುವುದನ್ನು ಅಂದೇ ಬಿಟ್ಟಳು.

ಅಕ್ಕಂದಿರೇ, ಅವ್ವಂದಿರೇ, ಮಳೆಗಾಲದಲ್ಲಿ ನಿಮ್ಮೂರಲ್ಲೂ ಅಣಬೆ ಏಳುತ್ತದೆ. ನೀವು ಎಷ್ಟೇ ವರ್ಷ ಆರಿಸಿದವರಾದರೂ ಕಾಡಿನ, ಹುಲ್ಲಿನ, ಏರಿಯ ಅಣಬೆಯನ್ನು ಅಡುಗೆಗೆ ಇಳಿಸಬೇಡಿ. ಮೊಗ್ಗು ನೋಡಿ ಜಾತಿ ಹೇಳಲು ಬರುವುದಿಲ್ಲ. ಬೆಳ್ಳಿ, ಅರಿಶಿಣ, ಹುಳ ತಿಂದದ್ದು ನಮಗೂ ಆಗುತ್ತದೆಂಬ ಮಾತು, ಯಾವುದನ್ನೂ ನಂಬಬೇಡಿ. ತಿನ್ನಬೇಕೆನಿಸಿದರೆ ಬೆಳೆಸಿ ಮಾರುವ ಅಣಬೆ ತನ್ನಿ. ಯಾರಾದರೂ ತಿಂದುಬಿಟ್ಟಿದ್ದರೆ ವಾಂತಿಗಾಗಿ ಕಾಯದೆ ನೂರಾ ಎಂಟಕ್ಕೆ ಫೋನ್ ಮಾಡಿ, ಉಳಿದ ಅಣಬೆಯನ್ನು ಕಾಗದದಲ್ಲಿ ಸುತ್ತಿ ಜೊತೆಗೊಯ್ಯಿರಿ. ಟೊಪ್ಪಿಗೆ, ಕಿವಿರು, ಉಂಗುರ, ಬುಡ ಹೇಗಿತ್ತೆಂದು ಡಾಕ್ಟರಿಗೆ ಹೇಳಿ.

ಮತ್ತು ನೀವು ಹಂಚಿದ ಅಣಬೆಯ ಬಗ್ಗೆ ಸಣ್ಣ ಅನುಮಾನ ಬಂದರೂ, ಅದು ಖರೆಯೋ ಸುಳ್ಳೋ ಎಂದು ತಿಳಿಯುವ ತನಕ ಕೂರಬೇಡಿ. ಎದ್ದು ಹೋಗಿ ಆ ಮನೆಯ ಬಾಗಿಲು ತಟ್ಟಿ. ಅವರ ಒಲೆ ಹೊತ್ತುವ ಮೊದಲೇ ತಟ್ಟಿ.